ಹಾಸನ, ಚಿಕ್ಕಮಗಳೂರು ಕಡೆಯ ಸಣ್ಣ ಸಿನಿಮಾ: ಪದೇ ಪದೇ ಕೇಳುವ ಪ್ರಶ್ನೆಗಳು

ಸಣ್ಣ ಬಜೆಟ್ಟಿನ ಕನ್ನಡ ಸಿನಿಮಾಗಳನ್ನು ಹಾಸನ, ಚಿಕ್ಕಮಗಳೂರಿನ ಊರುಗಳಲ್ಲಿ ತೋರಿಸುವುದು, ಮುಗಿದ ಮೇಲೆ ಜನರ ಜೊತೆ ಕೂತು ಮಾತಾಡುವುದು ನಾನು ಇಷ್ಟಪಟ್ಟು ಮಾಡುವ ಕೆಲಸ. ಇವು ದೊಡ್ಡ ಹೊಡೆದಾಟದ ಸಿನಿಮಾಗಳಲ್ಲ. ಒಬ್ಬರ ಒಳಗಿನ ಕಷ್ಟ, ಅಪ್ಪ ಮಗಳ ನಡುವೆ ನಿಂತು ಹೋದ ಮಾತು, ಅಣ್ಣ ತಮ್ಮಂದಿರ ಪಾಲು, ಇಂಥ ಕಥೆಗಳು. ಹಾಲ್‌ನಲ್ಲಿ, ಪತ್ರದಲ್ಲಿ, ಫೋನಿನಲ್ಲಿ ಮತ್ತೆ ಮತ್ತೆ ಬರುವ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ. ಮೊದಲು ನೋಡುವವರ ಪ್ರಶ್ನೆಗಳು, ಆಮೇಲೆ ಬರೆಯುವವರದು, ಕೊನೆಗೆ ಮಾಡುವವರದು ಮತ್ತು ತೋರಿಸುವವರದು.

## ನೋಡುವವರು ಕೇಳುವುದು

ಇಂಡಿಪೆಂಡೆಂಟ್ ಸಿನಿಮಾ ಅಂದ್ರೆ ಅವಾರ್ಡ್ ಸಿನಿಮಾನಾ?

ಅಲ್ಲ. ದುಡ್ಡು ಯಾರು ಹಾಕಿದರು, ಕೊನೆಯ ತೀರ್ಮಾನ ಯಾರದು ಅನ್ನುವುದರ ಮೇಲೆ ಇದು ನಿಂತಿದೆ. ದೊಡ್ಡ ನಿರ್ಮಾಣ ಸಂಸ್ಥೆ ಇಲ್ಲದೆ, ಸ್ಟಾರ್ ಇಲ್ಲದೆ, ನಿರ್ದೇಶಕರು ತಮಗೆ ಸರಿ ಅನ್ನಿಸಿದ ಹಾಗೆ ಮಾಡಿದ ಸಿನಿಮಾ ಇದು. ಅದರಲ್ಲಿ ಹಾಡು ಇರಬಹುದು, ನಗು ಇರಬಹುದು, ಪ್ರೇಮ ಇರಬಹುದು. ಪ್ರಶಸ್ತಿ ಬಂದರೂ ಬರಬಹುದು, ಬಾರದೆಯೂ ಇರಬಹುದು.

ನಮ್ಮ ಕಡೆ ಇಂಥ ಸಿನಿಮಾ ಯಾವ್ದಾದ್ರೂ ಆಗಿದೆಯಾ ಸಾರ್?

ಆಗಿದೆ. ಈ ದಾರಿ ಶುರುವಾದದ್ದೇ ಚಿಕ್ಕಮಗಳೂರು ಜಿಲ್ಲೆಯಿಂದ ಎಂದು ಹೇಳಿದರೂ ತಪ್ಪಿಲ್ಲ. 1970ರಲ್ಲಿ ಬಂದ ಪಟ್ಟಾಭಿರಾಮ ರೆಡ್ಡಿ ಅವರ 'ಸಂಸ್ಕಾರ' ಚಿತ್ರೀಕರಣವಾದದ್ದು ಶೃಂಗೇರಿ ಹತ್ತಿರದ ವೈಕುಂಠಪುರದಲ್ಲಿ. ಯು.ಆರ್. ಅನಂತಮೂರ್ತಿ ಅವರ ಕಾದಂಬರಿ, ಗಿರೀಶ್ ಕಾರ್ನಾಡ್ ಮುಖ್ಯ ಪಾತ್ರ, ಆಸ್ಟ್ರೇಲಿಯಾದ ಟಾಮ್ ಕೋವನ್ ಅವರ ಕ್ಯಾಮೆರಾ. ಸೆನ್ಸಾರ್‌ನವರು ಮೊದಲು ತಡೆದರು. ಆಮೇಲೆ ಬಿಡುಗಡೆಯಾಗಿ ದೇಶದ ಅತ್ಯುತ್ತಮ ಚಿತ್ರ ಎಂಬ ರಾಷ್ಟ್ರಪ್ರಶಸ್ತಿ ಬಂತು. ಒಂದು ಅಗ್ರಹಾರದ ಬೀದಿ, ಒಂದು ಹೆಣ, ಏನು ಮಾಡಬೇಕೆಂದು ತಿಳಿಯದ ಒಬ್ಬ ಮನುಷ್ಯ. ಇಷ್ಟರಲ್ಲೇ ಸಿನಿಮಾ ಆಗುತ್ತದೆ ಎಂದು ಅದು ತೋರಿಸಿತು.

ಮೂಡಿಗೆರೆಯಲ್ಲಿದ್ದ ಪೂರ್ಣಚಂದ್ರ ತೇಜಸ್ವಿ ಅವರ ಕಥೆಗಳೂ ಹೀಗೆ ತೆರೆಗೆ ಬಂದವು. 1973ರಲ್ಲಿ ಎನ್. ಲಕ್ಷ್ಮೀನಾರಾಯಣ್ ಅವರು 'ಅಬಚೂರಿನ ಪೋಸ್ಟಾಫೀಸು' ಮಾಡಿದರು. ಗಿರೀಶ್ ಕಾಸರವಳ್ಳಿ ಅವರ 'ತಬರನ ಕಥೆ' 1986ರ ಸಾಲಿನ ಅತ್ಯುತ್ತಮ ಚಿತ್ರವಾಯಿತು, ತಬರನಾಗಿದ್ದ ಚಾರುಹಾಸನ್ ಅವರಿಗೆ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಒಂದು ಪಿಂಚಣಿಗಾಗಿ ಕಚೇರಿ ಸುತ್ತುವ ಮುದುಕ, ಮನೆಯಲ್ಲಿ ಕಾಯಿಲೆಯ ಹೆಂಡತಿ. ಆ ಸಿನಿಮಾ ನೋಡಿದವರು ಸರ್ಕಾರಿ ಕಚೇರಿಯ ಬೆಂಚಿನ ಮೇಲೆ ಕೂತ ಮುದುಕರನ್ನು ಮೊದಲಿನ ಹಾಗೆ ದಾಟಿ ಹೋಗಲಾರರು.

ಹಾಸನದವರು ಬಾನು ಮುಷ್ತಾಕ್. 2025ರಲ್ಲಿ ಅವರಿಗೆ ಅಂತರರಾಷ್ಟ್ರೀಯ ಬೂಕರ್ ಪ್ರಶಸ್ತಿ ಬಂದಾಗ ಎಲ್ಲರೂ ಅವರ ಹೆಸರು ಹೇಳಿದರು. ಆದರೆ ಅವರ 'ಕರಿ ನಾಗರಗಳು' ಕಥೆ 2004ರಲ್ಲೇ ಕಾಸರವಳ್ಳಿ ಅವರ 'ಹಸೀನಾ' ಆಗಿತ್ತು. ಹೆಣ್ಣುಮಕ್ಕಳನ್ನು ಹೆತ್ತಳೆಂದು ಗಂಡ ಬಿಟ್ಟ ಹೆಂಗಸು ನ್ಯಾಯ ಕೇಳುವ ಕಥೆ. ನಟಿ ತಾರಾ ಅವರಿಗೆ ರಾಷ್ಟ್ರಪ್ರಶಸ್ತಿ ಬಂದದ್ದು ಅದಕ್ಕೇ. ಹಾಸನದಲ್ಲೇ ಇದನ್ನು ನೋಡದವರು ಜಾಸ್ತಿ ಇದ್ದಾರೆ ಅನ್ನುವುದು ನನಗೆ ನೋವಿನ ವಿಷಯ.

ಒಂದೂವರೆ ಗಂಟೆ ಆದ್ರೂ ಏನೂ ನಡೆಯೋದೇ ಇಲ್ವಲ್ಲ, ಇದರಲ್ಲಿ ನೋಡೋದೇನು?

ನಡೆಯುತ್ತಿರುತ್ತದೆ. ಆದರೆ ಮಾತಿನಲ್ಲಿ ನಡೆಯುವುದಿಲ್ಲ. ಮದುವೆಯಾಗಿ ಹೋದ ಮಗಳು ತವರಿಗೆ ಬರುತ್ತಾಳೆ ಎಂದುಕೊಳ್ಳಿ. ಅಮ್ಮ ದಿನಾ ಕುಡಿಯುವ ಸ್ಟೀಲ್ ಲೋಟ ಬಿಟ್ಟು, ಶೋಕೇಸಿನಿಂದ ನೆಂಟರ ಕಪ್ಪು ತೆಗೆದು ಅವಳಿಗೆ ಕಾಫಿ ಕೊಡುತ್ತಾಳೆ. ಮಗಳು ಒಂದು ಕ್ಷಣ ಕಪ್ಪನ್ನು ನೋಡುತ್ತಾಳೆ. ಅಷ್ಟೇ. ಈ ಮನೆಯಲ್ಲಿ ಅವಳ ಜಾಗ ಬದಲಾಗಿದೆ ಎಂದು ಇಬ್ಬರಿಗೂ ಗೊತ್ತಾಯಿತು. ಇದನ್ನೇ ಅಳುವ ಡೈಲಾಗಿನಲ್ಲಿ ಹೇಳಿದ್ದರೆ ನಿಮಗೆ ತಕ್ಷಣ ತಿಳಿಯುತ್ತಿತ್ತು, ಆದರೆ ಇಷ್ಟು ತಾಗುತ್ತಿರಲಿಲ್ಲ.

ಹೊಸದಾಗಿ ನೋಡುವವರಿಗೆ ನಾನು ಹೇಳುವುದು ಇಷ್ಟು. ಯಾರು ಯಾರಿಗೆ ಊಟ ಬಡಿಸುತ್ತಾರೆ ನೋಡಿ. ಯಾರು ಕೊನೆಗೆ ಉಣ್ಣುತ್ತಾರೆ ನೋಡಿ. ಬೀರುವಿನ ಬೀಗದ ಕೈ ಯಾರ ಸೊಂಟದಲ್ಲಿದೆ, ಫೋನ್ ಬಂದಾಗ ಯಾರು ಎದ್ದು ಅಂಗಳಕ್ಕೆ ಹೋಗುತ್ತಾರೆ ಗಮನಿಸಿ. ಮನೆಯ ಲೆಕ್ಕ ಹಿಡಿದು ನೋಡಿದರೆ ಸಂಬಂಧ ತಾನಾಗಿ ಕಾಣುತ್ತದೆ.

ನಮ್ಮ ಮನೇಲೇ ಬೇಕಾದಷ್ಟು ಕಷ್ಟ ಇದೆ, ಸಿನಿಮಾದಲ್ಲೂ ಅದೇ ಯಾಕೆ?

ಈ ಪ್ರಶ್ನೆಯನ್ನು ಹೆಚ್ಚಾಗಿ ಕೇಳುವುದು ಹೆಂಗಸರು. ದಿನವಿಡೀ ದುಡಿದು ಬಂದವರಿಗೆ ನಗಿಸುವ ಸಿನಿಮಾ ಬೇಕು ಅನ್ನಿಸಿದರೆ ಅದರಲ್ಲಿ ತಪ್ಪೇನೂ ಇಲ್ಲ. ಆದರೆ ನಾನು ಕಂಡದ್ದನ್ನೂ ಹೇಳಬೇಕು. ಸಿನಿಮಾ ಮುಗಿದ ಮೇಲೆ ಜಾಸ್ತಿ ಹೊತ್ತು ಕೂರುವವರೂ ಅವರೇ. ನಮ್ಮ ಮನೆಯಲ್ಲಿ ಹೇಳಲು ಆಗದ ಮಾತನ್ನು ತೆರೆಯ ಮೇಲಿನ ಅತ್ತೆ ಸೊಸೆಯ ಬಗ್ಗೆ ಹೇಳಬಹುದು, ಅಲ್ವಾ? ಅವಳು ಮಾಡಿದ್ದು ಸರಿ, ಇವನು ಮಾಡಿದ್ದು ತಪ್ಪು ಎಂದು ವಾದ ಮಾಡುತ್ತಲೇ ತಮ್ಮ ಮನೆಯ ಗಂಟನ್ನು ಸ್ವಲ್ಪ ಸಡಿಲ ಮಾಡಿಕೊಳ್ಳುತ್ತಾರೆ.

ಕೊನೆ ಅರ್ಥ ಆಗ್ಲಿಲ್ಲ. ಅವಳು ವಾಪಸ್ ಹೋದಳಾ ಇಲ್ವಾ?

ನಿರ್ದೇಶಕರು ಹೇಳಲಿಲ್ಲ ಎಂದರೆ, ಹೋದಳಾ ಅನ್ನುವುದಕ್ಕಿಂತ ಅಲ್ಲಿಯವರೆಗೆ ಆದದ್ದು ಮುಖ್ಯ ಎಂದು ಅವರಿಗೆ ಅನ್ನಿಸಿದೆ. ನಿಮಗೆ ಅನ್ನಿಸಿದ್ದನ್ನೇ ಹಿಡಿಯಿರಿ, ಆದರೆ ಯಾಕೆ ಹಾಗೆ ಅನ್ನಿಸಿತು ಎಂದು ಸಿನಿಮಾದಿಂದಲೇ ತೋರಿಸಿ. ಕೆಲವು ಸಿನಿಮಾಗಳು ಹೇಗೆ ಮುಗಿಸುವುದೆಂದು ತಿಳಿಯದೆ ಸುಮ್ನೆ ನಿಂತು ಬಿಡುತ್ತವೆ. ಅದಕ್ಕೂ ಇದಕ್ಕೂ ವ್ಯತ್ಯಾಸ ಗೊತ್ತಾಗುತ್ತದೆ. ಒಳ್ಳೆಯ ಕೊನೆ ನಿಮ್ಮನ್ನು ಹಿಂದಿನ ದೃಶ್ಯಗಳಿಗೆ ಕಳಿಸುತ್ತದೆ, ಕೆಟ್ಟದ್ದು ಗೇಟಿನ ಕಡೆಗೆ.

## ಕಥೆ ಬರೆಯುವವರು ಕೇಳುವುದು

ನನ್ನ ಜೀವನವೇ ಒಂದು ಸಿನಿಮಾ. ಹಾಗೇ ಬರೆದರೆ ಆಗುತ್ತಾ?

ಹಾಗೇ ಬರೆದರೆ ಡೈರಿ ಆಗುತ್ತದೆ. ಜೀವನದಲ್ಲಿ ಒಂದರ ಮೇಲೆ ಒಂದು ಆಗುತ್ತಾ ಹೋಗುತ್ತದೆ. ಸಿನಿಮಾಕ್ಕೆ ಒಂದು ತೀರ್ಮಾನ ಬೇಕು. ನಿಮ್ಮ ಪಾತ್ರ ಯಾವುದೋ ಒಂದನ್ನು ಆರಿಸಬೇಕು, ಆರಿಸಿದರೆ ಇನ್ನೊಂದು ಕೈ ತಪ್ಪಬೇಕು. ನಿಮ್ಮ ಜೀವನದ ಮೂವತ್ತು ವರ್ಷ ಬೇಡ, ಅಂಥ ಒಂದು ವಾರ ಹುಡುಕಿ. ಅಪ್ಪನ ತಿಥಿಗೆ ಎಲ್ಲರೂ ಮನೆಯಲ್ಲಿ ಸೇರಿದ ಎರಡು ದಿನ ಸಾಕು.

ಇನ್ನೊಂದು ಮಾತು. ನಿಮಗೆ ತೊಂದರೆ ಕೊಟ್ಟವರ ಪಾತ್ರವನ್ನು ಅವರ ಕಡೆಯಿಂದ ಒಂದು ಪುಟ ಬರೆದು ನೋಡಿ. ಬರೆಯಲು ಆಗದಿದ್ದರೆ ಕಥೆ ಇನ್ನೂ ಹಣ್ಣಾಗಿಲ್ಲ.

ಮನೆಯವರ ವಿಷಯ ಸಿನಿಮಾ ಮಾಡಿದ್ರೆ ಬೇಜಾರು ಮಾಡ್ಕೊಳ್ಳಲ್ವಾ?

ಮಾಡಿಕೊಳ್ಳುತ್ತಾರೆ. ಸಣ್ಣ ಊರಿನಲ್ಲಿ ಹೆಸರು ಬದಲಿಸಿದರೂ ಯಾರೆಂದು ಗೊತ್ತಾಗುತ್ತದೆ. ಬದುಕಿರುವವರ ಕಾಯಿಲೆ, ಮದುವೆ ಮುರಿದದ್ದು, ಸಾಲ, ಇವು ನಿಮ್ಮದಲ್ಲ, ಅವರದು. ಸ್ಕ್ರಿಪ್ಟ್ ಹಂತದಲ್ಲೇ ಹೇಳಿ, ಒಪ್ಪಿಗೆ ಕೇಳಿ. ಒಪ್ಪದಿದ್ದರೆ ಘಟನೆಯನ್ನು ಬಿಟ್ಟು ಆ ಭಾವನೆಯನ್ನು ಮಾತ್ರ ಉಳಿಸಿಕೊಂಡು ಬೇರೆ ಮನೆ, ಬೇರೆ ಕಸುಬು, ಬೇರೆ ಊರು ಕಟ್ಟಿ. ಕಥೆ ಹೆಚ್ಚಿನ ಸಲ ಇದರಿಂದ ಗಟ್ಟಿಯೇ ಆಗುತ್ತದೆ.

ಆಸ್ತಿ ಜಗಳದ ಕಥೆ ಹಳೇದಾಯ್ತಲ್ವಾ?

ಅಣ್ಣ ತಮ್ಮಂದಿರು ಮಚ್ಚು ಹಿಡಿಯುವ ಕಥೆ ಹಳೆಯದು. ನಮ್ಮ ಮನೆಗಳಲ್ಲಿ ಈಗ ನಡೆಯುತ್ತಿರುವುದು ಬೇರೆ. ಅದು ಅಕ್ಕ ತಂಗಿಯರ ಸಹಿಯ ಕಥೆ.

ಸ್ವಲ್ಪ ವಿವರವಾಗಿ ಹೇಳುತ್ತೇನೆ, ಯಾಕೆಂದರೆ ಕಾನೂನು ಗೊತ್ತಿಲ್ಲದೆ ಈ ಕಥೆ ಬರೆಯಲು ಆಗುವುದಿಲ್ಲ. ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಪಾಲು ಕೊಡುವ ತಿದ್ದುಪಡಿಯನ್ನು ಕರ್ನಾಟಕ 1994ರಲ್ಲೇ ತಂದಿತು. ಆದರೆ ಅದಕ್ಕೆ ಮೊದಲು ಮದುವೆಯಾದವರು ಹೊರಗೆ ಉಳಿದರು. 2005ರಲ್ಲಿ ಕೇಂದ್ರದ ತಿದ್ದುಪಡಿ ಬಂತು, ಮದುವೆಯಾದವರಿಗೂ ಗಂಡುಮಕ್ಕಳಷ್ಟೇ ಹಕ್ಕು ಸಿಕ್ಕಿತು. ಆಗ ಅಪ್ಪ ಬದುಕಿರಬೇಕಿತ್ತಾ ಎಂಬ ಗೊಂದಲವನ್ನು 2020ರಲ್ಲಿ ಸುಪ್ರೀಂ ಕೋರ್ಟ್ ಬಿಡಿಸಿತು. ಹಕ್ಕು ಹುಟ್ಟಿನಿಂದಲೇ ಬರುತ್ತದೆ, ಅಪ್ಪ ಬದುಕಿರಬೇಕೆಂದಿಲ್ಲ. ಆದರೆ 2004ರ ಡಿಸೆಂಬರ್ 20ಕ್ಕೆ ಮೊದಲೇ ಕಾನೂನುಬದ್ಧವಾಗಿ ಆಗಿ ಹೋದ ಪಾಲನ್ನು ಕೆದಕುವಂತಿಲ್ಲ. ಅಪ್ಪ ತಾನೇ ದುಡಿದು ಮಾಡಿದ ಆಸ್ತಿಯನ್ನು ಯಾರಿಗೆ ಬೇಕಾದರೂ ವಿಲ್ ಬರೆಯಬಹುದು.

ಈಗ ಮನೆಯೊಳಗೆ ಬನ್ನಿ. ತಮ್ಮ ಬ್ಯಾಂಕ್ ಸಾಲ ತೆಗೆಯಬೇಕು, ಅದಕ್ಕೆ ಪಾಲುಪಟ್ಟಿ ಆಗಬೇಕು, ಅಕ್ಕ ಹಕ್ಕು ಬಿಡುಗಡೆಗೆ ಸಹಿ ಹಾಕಬೇಕು. ಅಕ್ಕನಿಗೆ ಜಮೀನು ಬೇಡವೇ ಬೇಡ. ಆದರೆ ಸಹಿ ಹಾಕಿದ ಮೇಲೆ ಹಬ್ಬಕ್ಕೆ ಕರೆಯುತ್ತಾರಾ ಎಂಬ ಭಯ ಇದೆ. ಸಹಿ ಹಾಕದಿದ್ದರೆ ಇಂದಿನಿಂದಲೇ ಕರೆಯುವುದಿಲ್ಲ ಎಂದು ಗೊತ್ತಿದೆ. ಅಮ್ಮ ಮಗನ ಮನೆಯಲ್ಲಿ ಇರಬೇಕಾದವಳು, ಬಾಯಿ ಬಿಡುವುದಿಲ್ಲ. ಗಂಡ "ನಿಮ್ಮ ಮನೆ ವಿಷಯ, ನನಗೇನು" ಎಂದು ಹೇಳಿ ಪ್ರತಿ ರಾತ್ರಿ ಅದನ್ನೇ ಕೇಳುತ್ತಾನೆ. ಸಬ್‌ರಿಜಿಸ್ಟ್ರಾರ್ ಕಚೇರಿಯ ಮುಂದೆ ಎಲ್ಲರೂ ಒಂದೇ ಕಾರಿನಿಂದ ಇಳಿಯುತ್ತಾರೆ. ವಾಪಸ್ ಹೋಗುವಾಗ ಯಾರು ಯಾವ ಬಸ್ ಹತ್ತುತ್ತಾರೆ? ಇಂಥ ಕಥೆಗೆ ಮಚ್ಚು ಬೇಡ. ಇದನ್ನು ಸರಿಯಾಗಿ ಬರೆದವರು ಇನ್ನೂ ಕಡಿಮೆ.

ಕಾಫಿ ತೋಟದ ಕಥೆ ಅಂದ್ರೆ ಸಾಹುಕಾರರ ಬಂಗಲೆ ಕಥೆನೇನಾ?

ಬಂಗಲೆಯಿಂದ ಕೆಳಗಿಳಿದು, ಕೂಲಿಯವರು ಇರುವ ಲೈನ್ ಮನೆಗಳ ಕಡೆ ನಡೆಯಿರಿ. ಅಲ್ಲಿ ತಮಿಳು ಮಾತಾಡುವ ಹಳೆಯ ಸಂಸಾರಗಳಿವೆ, ಅಸ್ಸಾಂ ಕಡೆಯಿಂದ ಬಂದ ಹೊಸ ಹುಡುಗರಿದ್ದಾರೆ. ಸಾಹುಕಾರರಿಗೂ ಕೂಲಿಯವರಿಗೂ ಮಧ್ಯೆ ಸಿಕ್ಕಿಕೊಂಡ ರೈಟರ್, ಅಂದರೆ ತೋಟದ ಲೆಕ್ಕ ಬರೆಯುವವರು, ಇದ್ದಾರೆ. ಎರಡು ಎಕರೆ ಇಟ್ಟುಕೊಂಡು ಬೆಳಿಗ್ಗೆ ತನ್ನ ತೋಟ, ಮಧ್ಯಾಹ್ನ ಪಕ್ಕದವರ ತೋಟದ ಕೂಲಿ ಎಂದು ಬದುಕುವವರು ಬೇಕಾದಷ್ಟಿದ್ದಾರೆ.

ತೋಟದ ವರ್ಷವನ್ನು ತಿಳಿದುಕೊಂಡು ಬರೆಯಿರಿ. ಅರೇಬಿಕಾ ಕೊಯ್ಲು ನವೆಂಬರಿನಿಂದ ಜನವರಿ, ಆಮೇಲೆ ರೋಬಸ್ಟಾ. ಕೊಯ್ಲಿನಲ್ಲಿ ಹೆಚ್ಚಾಗಿ ಕೆಜಿ ಲೆಕ್ಕದಲ್ಲಿ ಕೂಲಿ, ಆದ್ದರಿಂದ ಗಂಡ ಹೆಂಡತಿ ಮಕ್ಕಳು ಎಲ್ಲರ ಕೈಯೂ ಓಡುತ್ತದೆ. ಕಣದಲ್ಲಿ ಹಣ್ಣು ಒಣಗುವಾಗ ಮೋಡ ಕಟ್ಟಿದರೆ ಮನೆಯಲ್ಲಿ ಯಾರಿಗೂ ನಿದ್ದೆ ಇಲ್ಲ. ಮಾರ್ಚ್, ಏಪ್ರಿಲ್ ಹೊತ್ತಿಗೆ ಹೂ ಮಳೆ ಬೀಳಬೇಕು. ಬಿದ್ದರೆ ಗಿಡ ಬೆಳ್ಳಗೆ ಅರಳುತ್ತದೆ. ಆಮೇಲೆ ಇನ್ನೊಂದು ಮಳೆ, ಬ್ಯಾಕಿಂಗ್ ಅನ್ನುತ್ತಾರಲ್ಲ, ಅದು ತಪ್ಪಿದರೆ ಕಾಯಿ ನಿಲ್ಲುವುದಿಲ್ಲ. ಮಗಳ ಮದುವೆಯ ದಿನ ಗೊತ್ತು ಮಾಡಿ ಆ ಎರಡನೇ ಮಳೆಗೆ ಕಾಯುವ ಅಪ್ಪ ಒಬ್ಬನಿದ್ದರೆ ಸಾಕು, ಅರ್ಧ ಸಿನಿಮಾ ಆಯಿತು. ಹೂವಿನ ದೃಶ್ಯವನ್ನು ಸುಮ್ನೆ ಚೆಂದಕ್ಕೆ ತೋರಿಸುವವರನ್ನು ಕಂಡಾಗ ನನಗೆ ಬೇಸರವಾಗುತ್ತದೆ. ಆ ಬಿಳಿ ಬಣ್ಣದ ಹಿಂದೆ ಒಂದು ಮನೆಯ ಇಡೀ ವರ್ಷ ಇದೆ.

ನಮ್ಮದು ಅರಸೀಕೆರೆ. ಮಂಜಿಲ್ಲ, ಬೆಟ್ಟ ಇಲ್ಲ, ಇಲ್ಲೇನು ಸಿನಿಮಾ?

ಉಂಡೆ ಕೊಬ್ಬರಿ ಮಾಡಲು ತೆಂಗಿನಕಾಯಿಯನ್ನು ಅಟ್ಟಕ್ಕೆ ಹಾಕಿ ತಿಂಗಳುಗಟ್ಟಲೆ, ಹತ್ತಿರ ಹತ್ತಿರ ಒಂದು ವರ್ಷ ಬಿಡುತ್ತೀರಲ್ಲ? ಮನೆಯವರ ತಲೆಯ ಮೇಲೆಯೇ ದುಡ್ಡಿದೆ, ಕೈಗೆ ಬರುವುದಿಲ್ಲ. ಅದರ ಕೆಳಗೆ ಮಲಗಿದ ಸಂಸಾರದಲ್ಲಿ ಯಾರಿಗೋ ಆಸ್ಪತ್ರೆಗೆ ದುಡ್ಡು ಬೇಕು. ಹಾಸನ, ಅರಕಲಗೂಡು ಕಡೆಯವರಿಗೆ ಆಲೂಗಡ್ಡೆ ಇದೆ. ಬಿತ್ತನೆ ಗಡ್ಡೆ ಪಂಜಾಬಿನ ಜಲಂಧರ್‌ನಿಂದ ಬರುತ್ತದೆ, ಸಾಲ ಮಾಡಿ ತರುತ್ತಾರೆ, ಅಂಗಮಾರಿ ರೋಗ ಬಿದ್ದರೆ ಕೆಲವೇ ದಿನಗಳಲ್ಲಿ ಹೊಲ ಕಪ್ಪಾಗುತ್ತದೆ. ಕಡೂರಿನ ಕೊಳವೆಬಾವಿ, ತರೀಕೆರೆ ಕಡೆಯ ತಾಂಡಾಗಳು ಎಲ್ಲ ಹಾಗೇ ಬಿದ್ದಿವೆ, ಯಾರೂ ಮುಟ್ಟಿಲ್ಲ. ಮಂಜು ಇಲ್ಲದ ಕಡೆ ಮುಖ ಚೆನ್ನಾಗಿ ಕಾಣುತ್ತದೆ.

ಮಾತು ನಮ್ಮ ಕಡೆದೇ ಇರಬೇಕಾ? ಬೆಂಗಳೂರಿನವರಿಗೆ ಅರ್ಥ ಆಗದಿದ್ರೆ?

ನಿಮ್ಮ ಕಡೆಯದೇ ಇರಲಿ. ಕೊಪ್ಪ, ಶೃಂಗೇರಿಯವರು "ಎಂತ ಮಾರಾಯ" ಅನ್ನುವ ಜಾಗದಲ್ಲಿ ಚನ್ನರಾಯಪಟ್ಟಣದವರು "ಏನ್ಲಾ" ಅನ್ನುತ್ತಾರೆ. ಒಂದು ಜಿಲ್ಲೆಯ ಮನೆಯಲ್ಲಿ ಇನ್ನೊಂದು ಜಿಲ್ಲೆಯ ಮಾತು ಬಂದರೆ ಊರಿನವರು ಮೊದಲ ದೃಶ್ಯದಲ್ಲೇ ಸಿನಿಮಾ ಕೈ ಬಿಡುತ್ತಾರೆ. ಅರ್ಥವಾಗದು ಅನ್ನುವ ಭಯ ಬೇಡ. ಸಂದರ್ಭ ಸರಿಯಾಗಿದ್ದರೆ ಒಂದು ಹೊಸ ಪದ ಯಾರನ್ನೂ ತಡೆಯುವುದಿಲ್ಲ.

## ಚಿತ್ರೀಕರಣದ ಪ್ರಶ್ನೆಗಳು

ಆಕ್ಟಿಂಗ್ ಗೊತ್ತಿಲ್ಲದ ಊರಿನವರನ್ನೇ ಹಾಕ್ಕೊಂಡು ಮಾಡಬಹುದಾ?

ಮಾಡಬಹುದು. ಮಂಡ್ಯ ಜಿಲ್ಲೆಯ ನೊದೆಕೊಪ್ಪಲು ಎಂಬ ಹಳ್ಳಿಯಲ್ಲಿ ಅಲ್ಲಿನವರನ್ನೇ ಇಟ್ಟುಕೊಂಡು ರಾಮ್ ರೆಡ್ಡಿ ಅವರು 'ತಿಥಿ' ಮಾಡಿದರು. 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಅದಕ್ಕೆ ಬಹುಮಾನ ಬಂತು.

ಆದರೆ ಇದು ಸುಲಭದ ದಾರಿಯಲ್ಲ, ಅಗ್ಗದ ದಾರಿಯೂ ಅಲ್ಲ. ಡೈಲಾಗ್ ಬಾಯಿಪಾಠ ಮಾಡಿಸಿದರೆ ಶಾಲಾ ವಾರ್ಷಿಕೋತ್ಸವದ ನಾಟಕದ ಹಾಗೆ ಕೇಳಿಸುತ್ತದೆ. ಸನ್ನಿವೇಶ ಹೇಳಿ, ಮಾತು ಅವರಿಗೇ ಬಿಡಿ. ಕೈಗೆ ಅವರಿಗೆ ಗೊತ್ತಿರುವ ಕೆಲಸ ಕೊಡಿ. ಅಡಿಕೆ ಸುಲಿಯುತ್ತಾ, ರೊಟ್ಟಿ ತಟ್ಟುತ್ತಾ ಮಾತಾಡುವವರು ಕ್ಯಾಮೆರಾ ಮರೆಯುತ್ತಾರೆ. ಆದಷ್ಟು ಕಥೆಯ ಕ್ರಮದಲ್ಲೇ ಚಿತ್ರೀಕರಿಸಿ. ಅಳುವ ದೃಶ್ಯಕ್ಕೆ ಅವರ ನಿಜವಾದ ನೋವನ್ನು ಕೆದಕುವುದು ಬೇಡ. ಗಂಡ ಸತ್ತದ್ದನ್ನು ನೆನಪಿಸಿ ಅಳಿಸುವುದು ನನ್ನ ಮಟ್ಟಿಗೆ ಕ್ರೌರ್ಯ. ಅವರಿಗೆ ಆ ದಿನದ ಕೂಲಿ ತಪ್ಪಿರುತ್ತದೆ, ಅದಕ್ಕಿಂತ ಕಡಿಮೆ ಕೊಡಬೇಡಿ.

ಮಳೆಗಾಲದಲ್ಲೇ ಶೂಟ್ ಮಾಡ್ಬೇಕು ಅಂತ ಆಸೆ. ಆಗುತ್ತಾ?

ಆಗುತ್ತದೆ, ಆದರೆ ಮನೆಯೊಳಗಿನ ದೃಶ್ಯ ಜಾಸ್ತಿ ಇರುವ ಕಥೆಯಾಗಿರಲಿ. ಜುಲೈನಲ್ಲಿ ಸಕಲೇಶಪುರ, ಕಳಸ ಕಡೆ ಹೆಂಚಿನ ಮೇಲೆ, ತಗಡಿನ ಮೇಲೆ ಬೀಳುವ ಮಳೆಗೆ ಪಕ್ಕದಲ್ಲಿ ಕೂತವರ ಮಾತೇ ಕೇಳಿಸುವುದಿಲ್ಲ. ಸಿಂಕ್ ಸೌಂಡ್, ಅಂದರೆ ಚಿತ್ರೀಕರಣದ ಹೊತ್ತಿನಲ್ಲೇ ಮಾತನ್ನು ರೆಕಾರ್ಡ್ ಮಾಡುವವರು, ಮಾತಿನ ದೃಶ್ಯಗಳನ್ನು ಮಳೆ ಬಿಟ್ಟ ಹೊತ್ತಿಗೆ ಇಟ್ಟುಕೊಳ್ಳಬೇಕು, ಮಳೆಯ ಶಬ್ದವನ್ನು ಬೇರೆಯಾಗಿ ತುಂಬಾ ಹೊತ್ತು ರೆಕಾರ್ಡ್ ಮಾಡಿಟ್ಟುಕೊಳ್ಳಬೇಕು. ಪ್ರತಿ ಕೋಣೆಯ ಸುಮ್ಮನಿರುವ ಶಬ್ದವನ್ನೂ ಒಂದು ನಿಮಿಷ ಹಿಡಿಯಿರಿ. ಮಳೆ ಇಲ್ಲದ ದಿನ ಜೀರುಂಡೆ, ಪಕ್ಕದ ತೋಟದ ವೀಡ್ ಕಟರ್, ರಸ್ತೆಯ ಜೆಸಿಬಿ ಇದ್ದೇ ಇರುತ್ತವೆ. ಪಕ್ಕದ ತೋಟದವರ ಹತ್ತಿರ ಹಿಂದಿನ ದಿನವೇ ಹೋಗಿ ಯಾವ ಹೊತ್ತಿಗೆ ಮೆಷಿನ್ ಓಡಿಸುತ್ತೀರಿ ಎಂದು ಕೇಳಿದರೆ ಸಾಕು, ಹೆಚ್ಚಿನವರು ಸಹಕರಿಸುತ್ತಾರೆ.

ಸಿಲ್ವರ್ ಓಕ್ ನೆರಳಿನ ಕೆಳಗೆ ಸಂಜೆ ನಾಲ್ಕಕ್ಕೇ ಬೆಳಕು ಕುಸಿಯುತ್ತದೆ. ಲೆನ್ಸಿಗೆ ಬೂಷ್ಟು ಹಿಡಿಯುತ್ತದೆ, ಗಾಳಿಯಾಡದ ಡಬ್ಬಿ ಮತ್ತು ಸಿಲಿಕಾ ಜೆಲ್ ಇರಲಿ. ಶಿರಾಡಿ, ಚಾರ್ಮಾಡಿ ಘಾಟಿಗಳಲ್ಲಿ ಗುಡ್ಡ ಕುಸಿದು ರಸ್ತೆ ಬಂದ್ ಆಗುವುದುಂಟು, ಕಲಾವಿದರು ಮಂಗಳೂರು ಕಡೆಯವರಾದರೆ ಒಂದು ದಿನ ಮೊದಲೇ ಕರೆಸಿ. ಸಕಲೇಶಪುರ, ಆಲೂರು, ಬೇಲೂರು, ಮೂಡಿಗೆರೆ ಕಡೆ ರಾತ್ರಿ ಚಿತ್ರೀಕರಣ ಇದ್ದರೆ ಅರಣ್ಯ ಇಲಾಖೆಯ ಆನೆ ಕಾರ್ಯಪಡೆಗೆ ತಿಳಿಸದೆ ತೋಟಕ್ಕೆ ಇಳಿಯಬೇಡಿ. ಇದರಲ್ಲಿ ಧೈರ್ಯದ ಮಾತೇ ಇಲ್ಲ.

ನಮ್ಮ ಹಳೇ ಮನೆ ಶೂಟಿಂಗಿಗೆ ಕೇಳ್ತಿದಾರೆ. ಕೊಡಬಹುದಾ?

ಕೊಡಿ, ಆದರೆ ಬರೆಸಿಕೊಂಡು ಕೊಡಿ. ಯಾವ ದಿನದಿಂದ ಯಾವ ದಿನ, ಎಷ್ಟು ಜನ, ಯಾವ ಕೋಣೆಗಳು, ಕರೆಂಟ್ ಬಿಲ್ ಯಾರದು, ಮುರಿದರೆ ಯಾರು ಕೊಡುತ್ತಾರೆ. ದೇವರ ಕೋಣೆ, ಅಡುಗೆಮನೆಯ ಒಳಗೆ ಯಾರು ಬರಬಹುದು ಎಂದು ಮೊದಲೇ ಹೇಳಿ. ಗೋಡೆಗೆ ಮೊಳೆ ಹೊಡೆಯುವುದು, ಬಣ್ಣ ಬದಲಿಸುವುದು ಇದ್ದರೆ ಕೇಳಿ ತಿಳಿದುಕೊಳ್ಳಿ. ಶೌಚಾಲಯದ ವ್ಯವಸ್ಥೆ ಅವರೇ ಮಾಡಲಿ. ಮನೆ ಯಾವ ಕಥೆಗೆ ಬಳಕೆಯಾಗುತ್ತದೆ ಎಂದು ಕೇಳುವ ಹಕ್ಕೂ ನಿಮಗಿದೆ.

ಹಟ್ಟಿಯ ಹಸು, ಮನೆ ನಾಯಿ ತೋರಿಸೋಕೂ ಪರ್ಮಿಶನ್ನಾ?

ಹೌದು. ಸಿನಿಮಾದಲ್ಲಿ ಪ್ರಾಣಿಯನ್ನು ಬಳಸಲು ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಒಪ್ಪಿಗೆ ಬೇಕು. ನಿಮ್ಮದೇ ಹಸುವಾದರೂ ಬೇಕು. ಚಿತ್ರೀಕರಣಕ್ಕೆ ಮೊದಲೇ ಅರ್ಜಿ ಹಾಕಬೇಕು, ಇಲ್ಲವಾದರೆ ಸೆನ್ಸಾರ್ ಹೊತ್ತಿಗೆ ಆ ದೃಶ್ಯಗಳೇ ಕೈ ತಪ್ಪಬಹುದು. ಹಟ್ಟಿಯಲ್ಲೇ ನಡೆಯುವ ಕಥೆ ಬರೆದಿದ್ದರೆ ಸ್ಕ್ರಿಪ್ಟ್ ಮುಗಿದ ವಾರವೇ ಈ ಕೆಲಸ ಶುರು ಮಾಡಿ. ಪಾತ್ರ ಬೀಡಿ ಸೇದಿದರೆ ಎಚ್ಚರಿಕೆಯ ಸಾಲು ತೆರೆಯ ಮೇಲೆ ಬರಲೇಬೇಕು.

## ದುಡ್ಡು, ಕಾನೂನು, ತೋರಿಸುವುದು

ಸಾಲ ಮಾಡಿ ಸಿನಿಮಾ ಮಾಡಬಹುದಾ? ಜನರ ಹತ್ರ ಸಂಗ್ರಹಿಸೋದು ಹೇಗೆ?

ತೋಟ, ಮನೆ ಅಡವಿಟ್ಟು ಮಾಡಬೇಡಿ. ಈ ಒಂದು ಮಾತನ್ನು ನಾನು ಎಲ್ಲರಿಗೂ ಗಟ್ಟಿಯಾಗಿ ಹೇಳುತ್ತೇನೆ. ಸಂಬಂಧದ ಬಗ್ಗೆ ಸಿನಿಮಾ ಮಾಡಲು ಹೋಗಿ ಮನೆಯ ಸಂಬಂಧ ಹಾಳಾಗಬಾರದು.

ಹಲವರು ಸೇರಿ ಮಾಡಿದ ಉದಾಹರಣೆಗಳಿವೆ. 2013ರ 'ಲೂಸಿಯಾ' ಚಿತ್ರಕ್ಕೆ ಪವನ್ ಕುಮಾರ್ ಅವರ ಜೊತೆ 110 ಜನ ದುಡ್ಡು ಹಾಕಿದ್ದರು. 2023ರಲ್ಲಿ ಬಂದ 'ಡೇರ್‌ಡೆವಿಲ್ ಮುಸ್ತಾಫಾ' ಚಿತ್ರಕ್ಕೆ ತೇಜಸ್ವಿ ಅವರ ಸುಮಾರು ನೂರು ಓದುಗರು ಕೈ ಜೋಡಿಸಿದರು. ಇಬ್ಬರ ಬಳಿಯೂ ಜನ ನಂಬುವಂಥ ಒಂದು ಕಾರಣ ಇತ್ತು. ನಿಮ್ಮ ಕಾರಣ ಏನು ಎಂದು ಮೊದಲು ನೀವೇ ಕೇಳಿಕೊಳ್ಳಿ.

ಕೊಟ್ಟವರ ದುಡ್ಡು ಉಡುಗೊರೆಯಾ, ಪಾಲುದಾರಿಕೆಯಾ ಎಂದು ಕಾಗದದ ಮೇಲೆ ಬರೆಯಿರಿ. ಬಡ್ಡಿ ಕೊಡುತ್ತೇನೆ ಎಂದು ಊರವರಿಂದ ದುಡ್ಡು ತೆಗೆದುಕೊಳ್ಳುವುದು ಬೇಡವೇ ಬೇಡ. ಅನಿಯಂತ್ರಿತ ಠೇವಣಿ ತಡೆಯಲು 2019ರಲ್ಲಿ ಬಂದ ಕಾಯ್ದೆ ಇದೆ, ತೊಂದರೆಗೆ ಸಿಕ್ಕಿಕೊಳ್ಳುತ್ತೀರಿ. ಒಬ್ಬ ಲೆಕ್ಕ ಪರಿಶೋಧಕರನ್ನು ಕಂಡು ಶುರು ಮಾಡಿ. ರಾಜ್ಯ ಸರ್ಕಾರದ ಸಹಾಯಧನ ಸಿಗುವುದು ಸಿನಿಮಾ ಮುಗಿದು, ಸೆನ್ಸಾರ್ ಆಗಿ, ಸಮಿತಿ ಆರಿಸಿದ ಮೇಲೆ. ಅದನ್ನು ಬಜೆಟ್ಟಿನ ಲೆಕ್ಕದಲ್ಲಿ ಸೇರಿಸಬಾರದು.

ಸಣ್ಣ ಸಿನಿಮಾಕ್ಕೂ ಸೆನ್ಸಾರ್ ಬೇಕಾ?

ಸಾರ್ವಜನಿಕವಾಗಿ ತೋರಿಸುವುದಾದರೆ ಬೇಕು, ಕಿರುಚಿತ್ರಕ್ಕೂ ಬೇಕು. ನಮಗೆ ಬೆಂಗಳೂರಿನ ಪ್ರಾದೇಶಿಕ ಕಚೇರಿ. 2023ರ ತಿದ್ದುಪಡಿಯ ನಂತರ ಯುಎ ದರ್ಜೆ, ಅಂದರೆ ಮಕ್ಕಳು ದೊಡ್ಡವರ ಮಾರ್ಗದರ್ಶನದಲ್ಲಿ ನೋಡಬೇಕಾದದ್ದು, 7, 13, 16 ವರ್ಷ ಎಂದು ಮೂರಾಗಿದೆ. ಪ್ರಮಾಣಪತ್ರಕ್ಕೆ ಹಿಂದೆ ಇದ್ದ 10 ವರ್ಷದ ಮಿತಿಯನ್ನೂ ತೆಗೆದಿದ್ದಾರೆ. ರಾಷ್ಟ್ರಪ್ರಶಸ್ತಿಗೆ ಕಳಿಸುವ ಆಸೆ ಇದ್ದರೆ ಪ್ರಮಾಣಪತ್ರ ಯಾವ ವರ್ಷದ ಜನವರಿಯಿಂದ ಡಿಸೆಂಬರ್ ಒಳಗೆ ಬಂತು ಅನ್ನುವುದು ಲೆಕ್ಕಕ್ಕೆ ಬರುತ್ತದೆ. ಡಿಸೆಂಬರ್ ಕೊನೆಯಲ್ಲಿ ಅರ್ಜಿ ಹಾಕಿ ಒದ್ದಾಡುವ ಬದಲು ಮೊದಲೇ ಯೋಚಿಸಿ.

ಅಡುಗೆಮನೆ ರೇಡಿಯೋದಲ್ಲಿ ಹಳೇ ಹಾಡು ಬರೋ ಹಾಗೆ ತೋರಿಸಿದ್ದೀವಿ. ಪರವಾಗಿಲ್ವಾ?

ಹಕ್ಕು ಇರುವವರ ಒಪ್ಪಿಗೆ ಬೇಕು. ಹಾಡಿನ ಧ್ವನಿಮುದ್ರಣಕ್ಕೆ ಒಂದು ಹಕ್ಕು, ಸಾಹಿತ್ಯ ಮತ್ತು ಸಂಗೀತಕ್ಕೆ ಇನ್ನೊಂದು. ಧ್ವನಿಮುದ್ರಣದ ಹಕ್ಕು ಬಿಡುಗಡೆಯಾದ ನಂತರ 60 ವರ್ಷ ಇರುತ್ತದೆ, ಬರೆದವರ ಹಕ್ಕು ಅವರು ತೀರಿಕೊಂಡ ಮೇಲೂ 60 ವರ್ಷ. ಕೆಲವೇ ಸೆಕೆಂಡ್ ಆದರೆ ಪರವಾಗಿಲ್ಲ ಅನ್ನುವುದು ಬರೀ ಬಾಯಿಮಾತು. ಸೋಬಾನೆ ಹಾಡುವ ನಿಮ್ಮೂರಿನ ಅಜ್ಜಿಯನ್ನು ಕೇಳಿ, ಅವರ ಹೆಸರು ಹಾಕಿ, ಸಂಭಾವನೆ ಕೊಟ್ಟು ಹಾಡಿಸಿ. ಆ ಅಡುಗೆಮನೆಗೆ ಅದೇ ಹೆಚ್ಚು ಹೊಂದುತ್ತದೆ.

ಮೊದಲು ಯೂಟ್ಯೂಬಾ, ಫೆಸ್ಟಿವಲ್ಲಾ, ಥಿಯೇಟರಾ?

ಚಿತ್ರೋತ್ಸವದ ಆಸೆ ಇದ್ದರೆ ಅದೇ ಮೊದಲು. ಹಲವು ಉತ್ಸವಗಳು ಬೇರೆಲ್ಲೂ ತೋರಿಸದ ಸಿನಿಮಾ ಬೇಕು ಅನ್ನುತ್ತವೆ. ಒಮ್ಮೆ ಯೂಟ್ಯೂಬಿಗೆ ಹಾಕಿದರೆ ಆ ಬಾಗಿಲು ಹೆಚ್ಚಾಗಿ ಮುಚ್ಚುತ್ತದೆ. ಬೆಂಗಳೂರಿನ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಕನ್ನಡ ಸಿನಿಮಾಗಳಿಗೇ ಸ್ಪರ್ಧೆ ಇದೆ. ಗೋವಾದಲ್ಲಿ ನವೆಂಬರ್ ಹೊತ್ತಿಗೆ ನಡೆಯುವ, ಈಗ ವೇವ್ಸ್ ಫಿಲ್ಮ್ ಬಜಾರ್ ಅನ್ನುವ ಸಿನಿಮಾ ಮಾರುಕಟ್ಟೆಗೆ ಇನ್ನೂ ಎಡಿಟಿಂಗ್‌ನಲ್ಲಿರುವ ಸಿನಿಮಾವನ್ನೂ ಕಳಿಸಬಹುದು. ಇಂಗ್ಲಿಷ್ ಸಬ್‌ಟೈಟಲ್‌ಗೆ ದುಡ್ಡು ಉಳಿಸಬೇಡಿ. "ಅತ್ತಿಗೆ" ಎಂದು ಕರೆದದ್ದು ಯಾರನ್ನು ಎಂದು ಹೊರಗಿನವರಿಗೆ ತಿಳಿಯದಿದ್ದರೆ ಇಡೀ ದೃಶ್ಯ ಹೋಯಿತು. ಎಲ್ಲ ಉತ್ಸವಗಳಿಗೂ ಶುಲ್ಕ ಕಟ್ಟುತ್ತಾ ಹೋದರೆ ಅದೇ ಒಂದು ಬಜೆಟ್ ಆಗುತ್ತದೆ. ನಿಮ್ಮ ಸಿನಿಮಾದಂಥವನ್ನು ಹಿಂದೆ ಆರಿಸಿದ ಕೆಲವನ್ನು ಮಾತ್ರ ಹಿಡಿಯಿರಿ.

ಓಟಿಟಿಯಲ್ಲಿ ಬಂದಿದೆಯಲ್ಲ, ಪ್ರೊಜೆಕ್ಟರ್ ಹಾಕಿ ಊರಲ್ಲಿ ತೋರಿಸಿದ್ರೆ ಆಯ್ತಲ್ವಾ?

ಹಾಗೆ ಮಾಡುವಂತಿಲ್ಲ. ನೀವು ಕಟ್ಟಿದ ಚಂದಾ ಮನೆಯಲ್ಲಿ ನೋಡಲು ಮಾತ್ರ. ನಿರ್ಮಾಪಕರಿಗೆ ಪತ್ರ ಬರೆಯಿರಿ, ಪ್ರದರ್ಶನದ ಹಕ್ಕು ಅವರ ಬಳಿ ಉಳಿದಿದೆಯೇ ಎಂದು ಕೇಳಿ, ಒಪ್ಪಿಗೆಯನ್ನು ಬರಹದಲ್ಲಿ ಪಡೆಯಿರಿ. ಸಣ್ಣ ಸಿನಿಮಾ ಮಾಡಿದವರು ಜನ ಸೇರುತ್ತಾರೆ ಎಂದರೆ ಹೆಚ್ಚಾಗಿ ಸಂತೋಷದಿಂದ ಕೊಡುತ್ತಾರೆ, ಎಷ್ಟೋ ಸಲ ತಾವೇ ಬರುತ್ತಾರೆ. ಅವರ ಬಸ್ ಖರ್ಚು, ಊಟ, ಒಂದಿಷ್ಟು ಗೌರವಧನ ನಿಮ್ಮ ಲೆಕ್ಕದಲ್ಲಿರಲಿ.

ನಮ್ಮ ನಾಡಿನಲ್ಲಿ ಇದಕ್ಕೆ ಒಳ್ಳೆಯ ಮಾದರಿ ಇದೆ. ಹೆಗ್ಗೋಡಿನ ನೀನಾಸಂನವರು 1970ರ ದಶಕದಲ್ಲೇ ಹಳ್ಳಿಯಲ್ಲಿ ಚಿತ್ರಸಮಾಜ ಕಟ್ಟಿ ಜಗತ್ತಿನ ಸಿನಿಮಾಗಳನ್ನು ರೈತರಿಗೆ ತೋರಿಸಿದರು. ಹಾಸನದಲ್ಲಿ ಹಾಸನಾಂಬ ಕಲಾಕ್ಷೇತ್ರ, ಚಿಕ್ಕಮಗಳೂರಿನಲ್ಲಿ ಕುವೆಂಪು ಕಲಾಮಂದಿರ ಇವೆ. ಮೊದಲ ಸಲಕ್ಕೆ ಅಷ್ಟು ದೊಡ್ಡದು ಬೇಡ, ಕಾಲೇಜಿನ ಸೆಮಿನಾರ್ ಹಾಲ್ ಸಾಕು. ಕೊಯ್ಲಿನ ತಿಂಗಳಲ್ಲಿ ಇಡಬೇಡಿ, ತೋಟದ ಕಡೆಯವರು ಯಾರೂ ಬರುವುದಿಲ್ಲ. ಕೊನೆಯ ಬಸ್ಸಿನ ಹೊತ್ತು ನೋಡಿಕೊಂಡು ಶುರು ಮಾಡಿ. ಹಗಲಾದರೆ ಕಿಟಕಿಗೆ ಕಪ್ಪು ಬಟ್ಟೆ ಕಟ್ಟಿ. ಸ್ಪೀಕರನ್ನು ಹಿಂದಿನ ದಿನವೇ ಪರೀಕ್ಷಿಸಿ, ಈ ಸಿನಿಮಾಗಳಲ್ಲಿ ಪಿಸುಮಾತೇ ಮುಖ್ಯ. ಹಾಲ್ ಬಾಡಿಗೆ ಮಾತಾಡುವಾಗ ಸಿನಿಮಾದ ಅವಧಿಗೆ ಒಂದು ಗಂಟೆ ಸೇರಿಸಿ ಕೇಳಿ. ಮಾತುಕತೆ ಶುರುವಾಗುವ ಹೊತ್ತಿಗೆ ವಾಚ್‌ಮನ್ ಲೈಟ್ ಆರಿಸುವ ಹಾಗೆ ಆಗಬಾರದು.